ಗರಡಿ ಆಟದ ಹೊಲಿಗೆ

ನಾನು ಬಿಟ್ಟುಕೊಡುವ ಪೈಕಿ ಅಲ್ಲ. ನಮ್ಮತ್ತೆ ಇದನ್ನು ನನ್ನ ಮದುವೆಯಾದ ಹೊಸತರಲ್ಲೇ ಕಂಡುಕೊಂಡು, “ಈಕಿ ಮನಸ್ನ್ಯಾಗ ಇಟ್ಕೊಂಡ್ಲಂದ್ರ ಮುಗೀತವ್ವಾ, ಕಲ್ಲಿನ ಮ್ಯಾಲ ಕೊರದಂಗ” ಎಂದು ಓಣಿಗೆಲ್ಲ ಹೇಳಿದ್ದರು. ಹೊಗಳಿಕೆಯಲ್ಲ, ಸುಳ್ಳೂ ಅಲ್ಲ. ಆದ್ದರಿಂದ ಧೀರೇಂದ್ರ ಕೊರ್ಲಹಳ್ಳಿ ಎಂಬ ಮನುಷ್ಯ ನನ್ನ ಗಂಡನ ಮುಖದ ಮೇಲೆ ಆ ಒಂದು ಮಾತು ಆಡಿದಾಗ ನಾನು ಅಳಲಿಲ್ಲ, ಕೂಗಾಡಲಿಲ್ಲ, ರಾಜೀನಾಮೆ ಬಿಸಾಕಲಿಲ್ಲ. ಮರುದಿನ ಡಬ್ಬಿ ಕಟ್ಟಿಕೊಂಡು ಅವನದೇ ಕಂಪನಿಗೆ ಹೋಗಿ ನನ್ನ ಕುರ್ಚಿಯಲ್ಲಿ ಕೂತೆ. ಎದುರಿಗೆ ಅವನನ್ನು ‘ಸರ್’ ಎನ್ನುತ್ತಿದ್ದೆ. ಇಲ್ಲಿ ‘ಅವನು’ ಎನ್ನುತ್ತೇನೆ, ಕಥೆ ನನ್ನದು.

ಹುಬ್ಬಳ್ಳಿಯ ಗೋಕುಲ ರಸ್ತೆಯಲ್ಲಿದ್ದ ‘ಪಟ್ಟು’ ಮೊಬೈಲ್ ಆಟಗಳನ್ನು ಮಾಡುವ ಕಂಪನಿ. ಅದರ ಒಂದೇ ಒಂದು ಆಟ ದೇಶವೆಲ್ಲ ಹಬ್ಬಿತ್ತು. ಅದರ ಹೆಸರು ‘ಗರಡಿ’. ಕುಸ್ತಿಯ ಆಟ. ನಿಮ್ಮ ಪೈಲ್ವಾನನನ್ನು ನೀವೇ ಸಾಕಿ, ಬಾದಾಮಿ ಹಾಲು ಕುಡಿಸಿ, ಕೆಮ್ಮಣ್ಣಿನ ಕಣಕ್ಕೆ ಇಳಿಸಿ, ಇನ್ನೆಲ್ಲೋ ಕೂತಿರುವ ಯಾರದೋ ಪೈಲ್ವಾನನ ಜೊತೆ ಕುಸ್ತಿ ಹಿಡಿಸಬೇಕು. ಎದುರಾಳಿಯ ಬೆನ್ನು ಮಣ್ಣಿಗೆ ಹತ್ತಿ ಚಿತ್ ಆದ ಕೂಡಲೇ ಸುತ್ತಲಿನ ಮಂದಿಯೆಲ್ಲ ಎದ್ದು ನಿಲ್ಲುತ್ತಾರೆ, ರುಮಾಲುಗಳು ಹಾರುತ್ತವೆ, ಹಲಗೆ ಬಡಿಯುತ್ತದೆ, ಧೂಳು ಆಕಾಶಕ್ಕೇರುತ್ತದೆ. ಚಂದವೋ ಚಂದ. ಆದರೆ ಸರಿಯಾಗಿ ಆ ಹೊತ್ತಿಗೇ ಫೋನು ಗಪ್ಪನೆ ನಿಂತುಬಿಡುತ್ತಿತ್ತು.

ಅದನ್ನು ಸರಿ ಮಾಡುವುದೇ ನನ್ನ ಕೆಲಸವಾಗಿತ್ತು. ಫೋನು ಪಾಪ ಚಿಕ್ಕ ಜೀವ. ಅಷ್ಟು ಮಂದಿಯನ್ನೂ ಅಷ್ಟು ಧೂಳನ್ನೂ ಒಟ್ಟಿಗೇ ಬರೆದು ತೋರಿಸು ಎಂದರೆ ಅದಕ್ಕೆ ಉಸಿರು ಕಟ್ಟುತ್ತದೆ, ಮೈ ಕಾಯುತ್ತದೆ, ಕಾಯ್ದ ಮೇಲೆ ಇನ್ನೂ ನಿಧಾನವಾಗುತ್ತದೆ. ನಾನು ಹಿಂದಿನ ಸಾಲಿನ ಮಂದಿಯನ್ನು ಬರೀ ಪರದೆಯ ಚಿತ್ರ ಮಾಡಿದೆ. ಧೂಳನ್ನು ತೆಳುಮಾಡಿದೆ. ಹಲಗೆಯ ಸದ್ದನ್ನು ಮುಂಚೆಯೇ ತಂದಿಟ್ಟೆ. ಮುಗಿದ ಕುಸ್ತಿಗಳ ಕಸವನ್ನು ಫೋನಿನ ನೆನಪಿನಿಂದ ಗುಡಿಸಿದೆ. ಹೊಸ ಫೋನುಗಳಲ್ಲಿ ಆಟ ಎಣ್ಣೆ ಹಚ್ಚಿದಂತೆ ಓಡಿತು. ಹಳೆಯ ಫೋನುಗಳಲ್ಲಿ ಮಾತ್ರ ಚಿತ್ ಆಗುವ ಹೊತ್ತಿಗೆ ಅರೆಗಳಿಗೆ ನಿಲ್ಲುವುದು ತಪ್ಪಲಿಲ್ಲ. ನಮ್ಮ ಆಟ ಆಡುವವರಲ್ಲಿ ಮುಕ್ಕಾಲುಪಾಲು ಮಂದಿಯ ಕೈಯಲ್ಲಿದ್ದದ್ದು ಹಳೆಯ ಫೋನೇ. ಗೆದ್ದದ್ದೇ ಕಾಣಲಿಲ್ಲವೆಂದು ದಿನವೂ ಬೈಗುಳ ಬರುತ್ತಿತ್ತು. ಇನ್ನಷ್ಟು ಮಂದಿಯನ್ನು ಕಣದಿಂದ ತೆಗೆಯೋಣ ಎಂದೆ. ಕೊರ್ಲಹಳ್ಳಿ ಒಪ್ಪಲಿಲ್ಲ. ಮಂದಿ ಇಲ್ಲದ ಕುಸ್ತಿ ಉಪ್ಪಿಲ್ಲದ ಅಡುಗೆ ಎಂದ.

ಅವನು ಕಂಪನಿ ಕಟ್ಟುವ ಮೊದಲು ಕಣ್ಣಿನ ಮೇಲೆ ಸಂಶೋಧನೆ ಮಾಡಿದವನು. ಒಂದು ದಿನ ಎಲ್ಲರನ್ನೂ ಕರೆದು, ಒಬ್ಬೊಬ್ಬರ ಕೈಗೂ ಕನ್ನಡಿ ಕೊಟ್ಟು, ನಿಮ್ಮ ಎಡಗಣ್ಣು ನೋಡಿರಿ, ಈಗ ಬಲಗಣ್ಣು ನೋಡಿರಿ ಎಂದ. ನೋಡಿದೆವು. ಕಣ್ಣು ಹೊರಳಿದ್ದು ಕಂಡಿತೇನು ಎಂದು ಕೇಳಿದ. ಯಾರಿಗೂ ಕಂಡಿರಲಿಲ್ಲ. ನೀವೂ ಮನೆಯಲ್ಲಿ ಮಾಡಿ ನೋಡಿ, ಕಾಣುವುದಿಲ್ಲ. ಕಣ್ಣು ಅತ್ತಿಂದಿತ್ತ ಹೊರಳುವಷ್ಟು ಹೊತ್ತು ನಾವು ಕುರುಡರು. ಮಿದುಳು ಆ ತುಂಡನ್ನು ಕತ್ತರಿಸಿ ಎಸೆದು, ಹಿಂದಿನದಕ್ಕೂ ಮುಂದಿನದಕ್ಕೂ ಹೊಲಿಗೆ ಹಾಕಿಬಿಡುತ್ತದೆ. ಹೊಲಿಗೆ ಎಷ್ಟು ನಯವೆಂದರೆ ಹುಟ್ಟಿದಾಗಿನಿಂದ ಸಾಯುವವರೆಗೆ ಯಾರಿಗೂ ಗೊತ್ತಾಗುವುದಿಲ್ಲ.

“ಫೋನ್ ನಿಲ್ಲೂದನ್ನ ತಪ್ಪಸಲಿಕ್ಕೆ ಆಗೂದಿಲ್ಲಂದ್ರ ಬ್ಯಾಡ ಬಿಡ್ರಿ,” ಎಂದ ಕೊರ್ಲಹಳ್ಳಿ. “ಅದು ನಿಂತಷ್ಟು ಹೊತ್ತು ನೋಡವರನ್ನ ನಿಲ್ಲಿಸಿದ್ರಾತು.”

ಹಾಗೆಯೇ ಮಾಡಿದ. ಫೋನು ಇನ್ನೇನು ನಿಲ್ಲುತ್ತದೆ ಎನ್ನುವಾಗ ಪರದೆಯ ಅಂಚಿನಲ್ಲಿ ಕಣ್ಣಿಗೆ ಹತ್ತದಷ್ಟು ಬೇಗ ಒಂದು ಮಿಣುಕು, ಜೊತೆಗೆ ಕಿವಿಗೆ ಬಿದ್ದೂ ಬೀಳದ ಒಂದು ಟಿಕ್ ಸದ್ದು. ಕೆಲವು ವಾರ ಆಡಿದವರ ಮಿದುಳು ಅದಕ್ಕೆ ಪಳಗಿ, ಕಣ್ಣು ಹೊರಳಿದೆಯೆಂದೇ ತಿಳಿದು, ಅಷ್ಟು ಹೊತ್ತನ್ನು ಕತ್ತರಿಸಿ ಹೊಲಿಯತೊಡಗಿತು. ಆ ಹೊತ್ತಿನಲ್ಲಿ ಆಡುವವರು ಗೊಂಬೆಯಂತೆ ಕೂತಿರುತ್ತಾರೆ, ಆಮೇಲೆ ಏನೂ ಆಗದವರಂತೆ ಮುಂದುವರಿಯುತ್ತಾರೆ. ಅದಕ್ಕೆ ‘ಹೊಲಿಗೆ’ ಎಂದೇ ಹೆಸರಿಟ್ಟ. ತನ್ನ ಕೈಕೆಳಗಿನ ಇಬ್ಬರು ಹುಡುಗರ ಜೊತೆ ಒಳಕೋಣೆಯಲ್ಲಿ ಕೂತು ಅವನೇ ಮಾಡಿ ಮುಗಿಸಿದ್ದು. ನಮ್ಮಂಥ ಪರೀಕ್ಷಕರಿಗೆ ಫೋನು ನಿಲ್ಲುವುದು ಕಾಣಲೇಬೇಕಲ್ಲ, ಅದಕ್ಕೆ ಆ ಮಿಣುಕನ್ನು ತಡೆಯುವ ಹಳದಿ ಕನ್ನಡಕ ಕೊಟ್ಟರು. ಬೈಗುಳ ನಿಂತಿತು. ‘ಗರಡಿ’ ಬೆಣ್ಣೆಯಂತೆ ಓಡುತ್ತದೆಂದು ಊರೆಲ್ಲ ಹೊಗಳಿತು. ಅವನು ಮಾತ್ರ ಆ ಆಟವನ್ನು ಒಂದು ದಿನವೂ ಆಡಲಿಲ್ಲ. ಮಿಠಾಯಿ ಮಾಡುವವನು ಮಿಠಾಯಿ ತಿನ್ನಬಾರದು ಎಂದು ನಗುತ್ತಿದ್ದ.

ನನ್ನ ಗಂಡ ಆಡಿದರು. ಅವರ ಹೆಸರು ರುದ್ರಮುನಿ, ತಬಲಾ ನುಡಿಸುವವರು. ಹುಬ್ಬಳ್ಳಿಯಿಂದ ಧಾರವಾಡಕ್ಕೆ ಪಾಠ ಹೇಳಲು ಹೋಗಿಬರುವಾಗ, ಚಾಲಕನಿಲ್ಲದ ಆ ಹೊಸ ಬಸ್ಸಿನ ಮುಂದಿನ ಸೀಟಿನಲ್ಲಿ ಕೂತು, ಮಗುವಿನಂತೆ ತನ್ಮಯರಾಗಿ ಪೈಲ್ವಾನನಿಂದ ಕುಸ್ತಿ ಹಿಡಿಸುತ್ತಿದ್ದರು. ಕೈಯಲ್ಲಿದ್ದದ್ದು ಅವರ ಅಪ್ಪನ ಕಾಲದ್ದೇನೋ ಎನ್ನುವಂಥ ಫೋನು. ಬೇರೆ ತಗೊಳ್ಳಿ ಎಂದರೆ, ಆಟ ಈಗ ಎಷ್ಟು ಸಲೀಸು ಓಡತೈತಿ ನೋಡು ಎಂದು ನನಗೇ ತೋರಿಸುತ್ತಿದ್ದರು. ಹೊಲಿಗೆಯಿಂದ ಕೆಡುಕಾಗುತ್ತದೆಂದು ಆಗ ಯಾರಿಗೂ ಹೊಳೆದಿರಲಿಲ್ಲ.

ಧಾರವಾಡದಲ್ಲಿ ವರ್ಷಕ್ಕೊಮ್ಮೆ ಗಿರಿಜಕ್ಕ ನಾವಲಗಿಯವರು ತಮ್ಮ ಗುರುಗಳ ಪುಣ್ಯತಿಥಿಗೆ ಹಾಡುತ್ತಾರೆ. ಇಳಿವಯಸ್ಸಿನ ದೊಡ್ಡ ಗಾಯಕಿ. ಅವತ್ತು ಅವರ ಜೊತೆ ತಬಲಾಕ್ಕೆ ಕೂರುವುದೆಂದರೆ ನಮ್ಮ ಕಡೆಯ ತಬಲಜಿಗೆ ಅದಕ್ಕಿಂತ ಮರ್ಯಾದೆ ಬೇರೆ ಇಲ್ಲ. ಬಹಳ ವರ್ಷಗಳಿಂದ ಆ ಜಾಗ ನಮ್ಮವರದು. ಗೊತ್ತಿಲ್ಲದವರಿಗೆ ಒಂದು ಮಾತು ಹೇಳಬೇಕು: ತಾಳ ಎಂಬುದು ಸುತ್ತು. ಸುತ್ತು ಮುಗಿದು ಮತ್ತೆ ಶುರುವಾಗುವ ಮೊದಲ ಪೆಟ್ಟಿಗೆ ‘ಸಮ್’ ಎನ್ನುತ್ತಾರೆ. ಗಾಯಕಿ ಎಲ್ಲೆಲ್ಲೋ ಅಲೆದು, ತಬಲಜಿ ಎಲ್ಲೆಲ್ಲೋ ಓಡಾಡಿ, ಇಬ್ಬರೂ ಒಟ್ಟಿಗೆ ಬಂದು ಸಮ್ಮಿನ ಮೇಲೆ ಬೀಳಬೇಕು. ಬಿದ್ದರೆ ಇಡೀ ಸಭೆಯ ತಲೆ ತೂಗುತ್ತದೆ.

ಆ ವರ್ಷ ಗಿರಿಜಕ್ಕ ತಾನ್ ಎಂಬ ಸ್ವರಗಳ ಓಟ ಮುಗಿಸಿ ಸಮ್ಮಿನ ಹತ್ತಿರ ಬಂದರು. ನಮ್ಮವರು ತಿಹಾಯಿ ನುಡಿಸಿದರು. ಒಂದೇ ಬೋಲನ್ನು, ಅಂದರೆ ತಬಲಾದ ನುಡಿಗಟ್ಟನ್ನು, ಮೂರು ಸಲ ನುಡಿಸಿ, ಮೂರನೆಯದರ ಕೊನೆಯ ‘ಧಾ’ ಸರಿಯಾಗಿ ಸಮ್ಮಿನ ಮೇಲೆ ಇಡುವುದಕ್ಕೆ ತಿಹಾಯಿ ಎನ್ನುತ್ತಾರೆ. ಕೈ ಮೇಲೆತ್ತಿದರು. ಎತ್ತಿದ ಕೈ ಹಾಗೇ ನಿಂತಿತು. ಗಿರಿಜಕ್ಕನ ಸ್ವರ ಬಿತ್ತು, ತಂಬೂರಿ ಮೀಟಿತು, ಆಮೇಲೆ ಆ ಕೈ ಇಳಿದು ‘ಧಾ’ ಎಂದಿತು. ಇಡೀ ಸಭೆಯಲ್ಲಿ ಅದು ತಪ್ಪೆಂದು ಗೊತ್ತಾಗದವರು ನನ್ನ ಗಂಡ ಒಬ್ಬರೇ. ಅವರು ಖುಷಿಯಿಂದ ತಲೆಯೆತ್ತಿ ಗಿರಿಜಕ್ಕನನ್ನು ನೋಡಿ ಮುಗುಳ್ನಕ್ಕರು. ಮುಂದಿನ ಸಲವೂ ಅದೇ ಆಯಿತು. ಅದರ ಮುಂದಿನ ಸಲ ಹಿಂದಿನ ಸಾಲಿನಲ್ಲಿ ಯಾರೋ ನಕ್ಕರು. ಗಿರಿಜಕ್ಕ ಹಾಡು ನಿಲ್ಲಿಸಿ, ಮೈಕಿಗೆ ಕೈ ಅಡ್ಡ ಹಿಡಿದು, ಮೆಲ್ಲಗೆ, “ರುದ್ರಮುನಿ, ಮೈಯಾಗ ಆರಾಮ ಇಲ್ಲೇನಪ್ಪಾ?” ಎಂದು ಕೇಳಿದರು. ಆ ಮೆಲ್ಲಗಿನ ಮಾತು ಮೂರನೆಯ ಸಾಲಿನಲ್ಲಿದ್ದ ನನಗೂ ಕೇಳಿಸಿತು.

ಮನೆಯಲ್ಲಿ ನಾನು ಕೈತಟ್ಟಿ ತಾಳ ಹಾಕುತ್ತಿದ್ದೆ, ಅವರು ನುಡಿಸುತ್ತಿದ್ದರು. ಸುತ್ತೆಲ್ಲ ಸರಿ, ಸಮ್ ಒಂದೇ ತಡ. ತಡವಾಯಿತು ಎಂದರೆ ನಂಬರು. ರೆಕಾರ್ಡ್ ಮಾಡಿ ಕೇಳಿಸಿದೆ. ಕಣ್ಣು ಮುಚ್ಚಿ ಕೇಳಿ, ಸರಿ ಐತಲ್ಲ ಎಂದರು. ನನ್ನ ತಾಳವೇ ತಪ್ಪು ಎಂದರು. ಆಮೇಲೆ ನನ್ನ ಮುಖ ನೋಡಿ ನಂಬಿದರು, ನಂಬಿ ತಬಲಾಕ್ಕೆ ಗವಸು ಹಾಕಿಟ್ಟರು. ಗಿರಿಜಕ್ಕನ ಕಡೆಯಿಂದ ಆಮೇಲೆ ಕರೆ ಬರಲಿಲ್ಲ.

ಆ ದಿನಗಳಲ್ಲಿ ಊರಲ್ಲೂ ಏನೇನೋ ನಡೆಯುತ್ತಿತ್ತು. ನಮ್ಮ ಪಕ್ಕದ ಮನೆಯ ಅನಸೂಯಾ ಒಲೆಯ ಮುಂದೆಯೇ ನಿಂತು ಹಾಲು ಉಕ್ಕಿಸುತ್ತಿದ್ದಳು. ನೋಡ್ತಾ ನಿಂತಿದ್ದೆ ಅಕ್ಕಾರ, ಯಾವಾಗ ಉಕ್ಕಿತೋ ಏನೋ ಎನ್ನುತ್ತಿದ್ದಳು. ಕ್ರಿಕೆಟ್ ನೋಡುವವರು ಬಾಯಿ ತೆರೆದು ಕಾಯುತ್ತ ಕೂತು, ವಿಕೆಟ್ ಬಿದ್ದದ್ದನ್ನು ಮಾತ್ರ ನೋಡುತ್ತಿರಲಿಲ್ಲ. ಕಣ್ಣು ತಪ್ಪಿತು ಎನ್ನುತ್ತಿದ್ದರು, ಮರೆಯುತ್ತಿದ್ದರು. ಎಲ್ಲರ ಕೈಯಲ್ಲೂ ‘ಗರಡಿ’ ಇತ್ತು.

ನನಗೆ ಹೊಳೆದದ್ದು ಕಂಪನಿಯ ಪರೀಕ್ಷೆಯ ಕೋಣೆಯಲ್ಲಿ. ಹಳದಿ ಕನ್ನಡಕ ಹಾಕಿಕೊಂಡು ಹಳೆಯ ಫೋನೊಂದರಲ್ಲಿ ಕುಸ್ತಿ ನೋಡುತ್ತಿದ್ದೆ. ಎದುರಾಳಿ ಚಿತ್, ಮಂದಿ ಎದ್ದರು, ಫೋನು ನಿಂತಿತು. ಆಟ ಯಾವಾಗ ನಿಲ್ಲುತ್ತದೆ? ಬಿಡುವಿನಲ್ಲಿ ನಿಲ್ಲುವುದಿಲ್ಲ, ಪೈಲ್ವಾನ ಹಾಲು ಕುಡಿಯುವಾಗ ನಿಲ್ಲುವುದಿಲ್ಲ. ಎಲ್ಲಕ್ಕಿಂತ ಭಾರದ ಗಳಿಗೆಯಲ್ಲಿ, ಆಡುವವರು ಜೀವ ಬಿಗಿಹಿಡಿದು ಕಾಯುವ ಗಳಿಗೆಯಲ್ಲೇ ನಿಲ್ಲುತ್ತದೆ. ಹೊಲಿಗೆ ಬೀಳುವುದೂ ಅಲ್ಲೇ. ನೂರಾರು ಸಲ ಹಾಗಾದ ಮೇಲೆ ಮಿದುಳು ಮಿಣುಕಿಗೂ ಕಾಯುವುದಿಲ್ಲ. ಕಾದದ್ದು ಬಂತೆಂದರೆ ಕತ್ತರಿಸಬೇಕು ಎಂದಷ್ಟೇ ಅದು ಕಲಿತಿದೆ. ನನ್ನ ಗಂಡ ಜೀವ ಬಿಗಿಹಿಡಿದು ಕಾಯುವುದು ಒಂದೇ ಒಂದಕ್ಕೆ. ಅದು ಸಮ್.

ಡಾಕ್ಟರಿಗೆ ತೋರಿಸಿದೆವು. ಕಣ್ಣು ಚೆನ್ನಾಗಿದೆ, ಕಿವಿ ಚೆನ್ನಾಗಿದೆ, ಮಿದುಳೂ ಚೆನ್ನಾಗಿದೆ ಎಂದರು. ಆಸ್ಪತ್ರೆಯಲ್ಲಿ ಯಾರು ಯಾವುದಕ್ಕೆ ಹಂಬಲಿಸುತ್ತಾರೆ? ಪರೀಕ್ಷೆಯಲ್ಲಿ ಸಿಗುವ ರೋಗವಲ್ಲ ಅದು.

ಕೊರ್ಲಹಳ್ಳಿಯ ಬಳಿಗೆ ಗಂಡನನ್ನು ಕರೆದುಕೊಂಡು ಹೋದೆ. ಎಲ್ಲ ಬಿಡಿಸಿ ಹೇಳಿದೆ. ಹೊಲಿಗೆ ತೆಗೆಯಿರಿ, ಬೇಕಾದರೆ ಧೂಳೆಲ್ಲ ತೆಗೆದು ಹಳೆಯ ಫೋನಿನಲ್ಲೂ ಆಟ ನೆಟ್ಟಗೆ ಓಡುವ ಹಾಗೆ ನಾನು ಮಾಡಿಕೊಡುತ್ತೇನೆ ಎಂದೆ. ಅವನು ಪೂರ್ತಿ ಕೇಳಿದ. ಅವನಿಗೆ ಅರ್ಥವಾಯಿತು, ಅದು ಕಣ್ಣಲ್ಲೇ ಕಂಡಿತು. ಅರ್ಥವಾಗದಿದ್ದರೆ ನನಗೆ ಇಷ್ಟು ಸಿಟ್ಟು ಬರುತ್ತಿರಲಿಲ್ಲ. ಆಮೇಲೆ ನನ್ನ ಗಂಡನ ಕಡೆ ತಿರುಗಿ ನಕ್ಕ.

“ಅರ್ಧ ಸೆಕೆಂಡ್ ಹೋದ್ರ ಯಾರ ಅಪ್ಪನ ಗಂಟು ಹೋತ್ರೀ, ತಬಲಾ ಮಾಸ್ತರ?”

ನನ್ನ ಗಂಡ ಬಾಗಿಲಲ್ಲಿ ಬಿಟ್ಟಿದ್ದ ಚಪ್ಪಲಿ ಹಾಕಿಕೊಳ್ಳುವಾಗ ಕೈ ನಡುಗುತ್ತಿತ್ತು. ಆ ಕೈ ನೋಡಿ ನಾನು ನಿಶ್ಚಯಿಸಿದೆ. ಆ ಅರ್ಧ ಸೆಕೆಂಡು ಯಾರಪ್ಪನ ಗಂಟು ಎಂಬುದನ್ನು ಇವನಿಗೆ ತೋರಿಸಿಯೇ ತೋರಿಸಬೇಕು.

ಕಾಯುವುದು ನನಗೆ ಬರುತ್ತದೆ. ಕಂಪನಿಯ ನಡುಕೋಣೆಯಲ್ಲಿ ಗೋಡೆಯಷ್ಟು ದೊಡ್ಡ ಪರದೆಯಿತ್ತು. ಈ ಗಳಿಗೆಯಲ್ಲಿ ಎಷ್ಟು ಜನ ‘ಗರಡಿ’ ಆಡುತ್ತಿದ್ದಾರೆ, ಯಾವ ಊರಲ್ಲಿ ಎಷ್ಟು ಕುಸ್ತಿ ನಡೆದಿವೆ, ಎಲ್ಲ ಅದರ ಮೇಲೆ ಓಡುತ್ತಿತ್ತು. ಅದು ಕೊರ್ಲಹಳ್ಳಿಯ ದೇವರು. ಬೆಳಿಗ್ಗೆ ಬಂದವನು ಅದರ ಮುಂದೆ ಕೂತರೆ ಊಟಕ್ಕೂ ಏಳುತ್ತಿರಲಿಲ್ಲ. ಸಂಖ್ಯೆ ಏರಿದಂತೆ ಅವನ ಹುಬ್ಬು ಏರುತ್ತಿತ್ತು. ಆದರೆ ಸಂಜೆ ಜನ ಹೆಚ್ಚಾದಾಗ, ಸಂಖ್ಯೆ ಜಿಗಿಯಬೇಕಾದ ಹೊತ್ತಿಗೇ ಆ ಪರದೆಯೂ ನಿಲ್ಲುತ್ತಿತ್ತು. ಫೋನಿನಂತೆ ಅರೆಗಳಿಗೆಯಲ್ಲ, ಎಷ್ಟೋ ಹೊತ್ತು. ಅವನು ಒದ್ದಾಡುತ್ತಿದ್ದ. ಒಂದು ಸಂಜೆ ಎಲ್ಲರೆದುರು ನನ್ನನ್ನೇ ಕರೆದು, ಇದನ್ನು ಸರಿ ಮಾಡಿರಿ ಎಂದ.

ಹೇಗೆ ಮಾಡಲಿ ಸರ್ ಎಂದು ಕೇಳಿದೆ. ಬೇಕೆಂದೇ ಕೇಳಿದೆ.

“ಹೆಂಗರ ಮಾಡ್ರಿ, ನೀಲಾ ಅವರ. ನಿಂತದ್ದು ನನ್ನ ಕಣ್ಣಿಗೆ ಕಾಣಬಾರದು, ಅಷ್ಟ.”

ನೀವು ಹೇಳಿದಂಗ ಆಗಲಿ ಎಂದೆ. ಅವನು ಹೇಳಿದ್ದಕ್ಕಿಂತ ಒಂದು ಅಕ್ಷರ ಹೆಚ್ಚು ಮಾಡಲಿಲ್ಲ. ಅವನದೇ ಹೊಲಿಗೆಯನ್ನು ತಂದು ಅವನದೇ ಗೋಡೆಗೆ ಹಚ್ಚಿದೆ. ಗೋಡೆಯ ಅಂಚಿಗೆ ಮಿಣುಕು, ಅವನ ಮೇಜಿನ ಸ್ಪೀಕರಿಗೆ ಟಿಕ್. ಕೆಲವು ವಾರಗಳಲ್ಲಿ ಅವನ ಒದ್ದಾಟ ನಿಂತಿತು. ಗೋಡೆ ಈಗ ಬೆಣ್ಣೆಯಂತೆ ಓಡುತ್ತದೆ ಎಂದು ನನಗೆ ಎಲ್ಲರೆದುರು ಶಾಭಾಷ್ ಹೇಳಿದ. ಕೈ ಮುಗಿದೆ.

ಮಿಣುಕು ಹೆಚ್ಚಾದರೆ ಅವನಿಗೆ ಗೊತ್ತಾಗುತ್ತದೆ, ಕಡಿಮೆಯಾದರೆ ಹಿಡಿಯುವುದಿಲ್ಲ. ಹಳದಿ ಕನ್ನಡಕದಲ್ಲಿ ಮಿಣುಕು ಇದೆಯೋ ಇಲ್ಲವೋ ತಿಳಿಯುವಂತಿರಲಿಲ್ಲ, ಅದಕ್ಕೆ ಕನ್ನಡಕ ತೆಗೆದು ಹದ ನೋಡುತ್ತಿದ್ದೆ. ಹದ ಸಿಕ್ಕ ಮೇಲೂ ತೆಗೆಯುತ್ತಿದ್ದೆ. ಅವನ ಮೇಜಿನ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡು, ಒಮ್ಮೆ ಗೋಡೆ ನೋಡುವುದು, ಒಮ್ಮೆ ಅವನ ಮುಖ ನೋಡುವುದು. ಬಾಯಿ ಅರ್ಧ ತೆರೆದು, ಪೆನ್ನು ಅರ್ಧಕ್ಕೆ ಎತ್ತಿ, ಅವನು ಕಲ್ಲಾಗಿ ಕೂರುವುದನ್ನು ಬರೀ ಕಣ್ಣಿಂದ ನೋಡುವ ಸುಖವೇ ಬೇರೆ. ಬಿಸಿ ರೊಟ್ಟಿಗೆ ಬೆಣ್ಣೆ ಹಚ್ಚಿ ತಿಂದಂತೆ ಆಗುತ್ತಿತ್ತು. ಸುಳ್ಳು ಯಾಕೆ ಹೇಳಲಿ?

ಮನೆಯಲ್ಲಿ ಗಂಡನಿಗೆ ಹೇಳಿದೆ. ಖುಷಿಪಡುತ್ತಾರೆಂದುಕೊಂಡಿದ್ದೆ. ಅವರು, ಇದು ಬೇಡ ನೀಲಾ ಎಂದರು. ‘ಗರಡಿ’ ಆಡುವುದನ್ನು ಬಿಟ್ಟು ಆಗಲೇ ಬಹಳ ದಿನವಾಗಿತ್ತು. ಮತ್ತೆ ಗವಸು ತೆಗೆದು ಒಬ್ಬರೇ ಕೂತು ಬರೀ ಠೇಕಾ, ಅಂದರೆ ತಾಳದ ಸಾದಾ ಸುತ್ತು, ನುಡಿಸುತ್ತಿದ್ದರು. ನೀನು ಸಂಜೆ ಮನೆಯಲ್ಲಿದ್ದು ತಾಳ ಹಾಕಿದರೆ ನನಗೆ ಅಷ್ಟೇ ಸಾಕು, ಆ ಮನುಷ್ಯನ ಮುಖ ನೋಡುತ್ತಾ ಕೂತರೆ ನನ್ನ ಸಮ್ ಬರುತ್ತದೇನು ಎಂದರು. ಬರುತ್ತದೋ ಬಿಡುತ್ತದೋ, ಅವನದಂತೂ ಹೋಗುತ್ತದೆ ಎಂದೆ. ಅವರು ತಿರುಗಿ ತಬಲಾದ ಕಡೆ ಮುಖ ಮಾಡಿದರು. ಆ ವಾರವೆಲ್ಲ ನಮ್ಮ ಮನೆಯಲ್ಲೂ ಹಾಲು ಉಕ್ಕಿ ಒಲೆಯೆಲ್ಲ ರಾಡಿಯಾಗುತ್ತಿತ್ತು. ನನ್ನ ತಲೆ ಸೇಡಿನಲ್ಲಿತ್ತು, ಒಲೆಯ ಮೇಲೆ ಯಾವಳಿಗೆ ಗಮನ?

ಕೊರ್ಲಹಳ್ಳಿಗೆ ಒಬ್ಬಳೇ ಮಗಳು, ವಾರಿಜಾ. ತಾಯಿ ಸತ್ತಾಗ ಇನ್ನೂ ಎತ್ತಿಕೊಳ್ಳುವ ಕೂಸು. ಅವನೇ ತಲೆ ಬಾಚಿ, ಜಡೆ ಹೆಣೆದು, ಹೂ ಮುಡಿಸಿ ಬೆಳೆಸಿದವನು. ಆ ವಿಷಯದಲ್ಲಿ ಅವನನ್ನು ಬೈಯುವಂತಿಲ್ಲ, ಬೈಯುವುದೂ ಇಲ್ಲ. ಅವಳ ಮದುವೆ ನಿಶ್ಚಯವಾದ ಮೇಲೆ ಕಂಪನಿಯಲ್ಲಿ ಅದೇ ಮಾತು. ಅವರಲ್ಲಿ ವಧೂವರರ ನಡುವೆ ಅಂತರಪಟವೆಂದು ಬಿಳಿ ವಸ್ತ್ರ ಹಿಡಿಯುತ್ತಾರೆ. ಮಂಗಲಾಷ್ಟಕ ಹೇಳುತ್ತಾರೆ, ಪ್ರತಿ ಶ್ಲೋಕದ ಕೊನೆಗೆ ‘ಸಾವಧಾನ’ ಎನ್ನುತ್ತಾರೆ. ಕೊನೆಯ ‘ಸಾವಧಾನ’ಕ್ಕೆ ಅಂತರಪಟ ಸರಿಯುತ್ತದೆ, ವಾದ್ಯ ಮೊಳಗುತ್ತದೆ, ಬಂದವರೆಲ್ಲ ಒಟ್ಟಿಗೆ ಅಕ್ಷತೆ ಎರಚುತ್ತಾರೆ. ಅವನ ಹೆಂಡತಿ ಸಾಯುವಾಗ ಅದೊಂದನ್ನೇ ಕೇಳಿದ್ದಳಂತೆ: ಅಂತರಪಟ ಸರಿದಾಗ ನಮ್ಮ ಕೂಸಿನ ಮುಖ ಹೆಂಗಿರ್ತದ ಅನ್ನೂದನ್ನ ನನ್ನ ಪಾಲಿಂದೂ ನೀವ ನೋಡ್ರಿ, ಎಂದು. ಅಂದಿನಿಂದ ಅವನು ಅದೊಂದು ಗಳಿಗೆಗೆ ಕಾಯುತ್ತಿದ್ದ. ಅದನ್ನು ಕಂಪನಿಯಲ್ಲಿ ಸಿಕ್ಕವರಿಗೆಲ್ಲ ಹೇಳುತ್ತಿದ್ದ.

ನಾನು ಕೇಳಿದೆ, ಲೆಕ್ಕ ಹಾಕಿದೆ. ಇವನ ಸಮ್ ಅದೇ.

ಅದಕ್ಕೆ ಮುಂಚೆ ಒಂದು ರುಜುವಾತು ಸಿಕ್ಕಿತು. ಆಡುವವರ ಸಂಖ್ಯೆ ಕೋಟಿ ಮುಟ್ಟುವ ಸಂಜೆ ಎಲ್ಲರೂ ಗೋಡೆಯ ಮುಂದೆ ನೆರೆದಿದ್ದರು. ಧಾರವಾಡ ಪೇಢೆಯ ಡಬ್ಬಿ ಬಿಚ್ಚಿಟ್ಟಿದ್ದರು. ನಾನು ಬಾಗಿಲ ಕಡೆ ತಿರುಗಿ, ಗೋಡೆಗೆ ಬೆನ್ನು ಮಾಡಿ, ಅವನನ್ನಷ್ಟೇ ನೋಡುತ್ತ ನಿಂತೆ. ಹೋ ಎಂದು ಕೂಗೆದ್ದಿತು, ಚಪ್ಪಾಳೆ ಬಿತ್ತು, ಅಷ್ಟೂ ಹೊತ್ತು ಅವನು ಕಲ್ಲು. ಎಲ್ಲರ ಬಾಯಲ್ಲಿ ಪೇಢೆ ಕರಗಲು ಹತ್ತಿದ ಮೇಲೆ ಬೆಚ್ಚಿ, ಮುಟ್ಟಿತೇನು, ಯಾವಾಗ ಮುಟ್ಟಿತು ಎಂದು ಅವರಿವರ ಮುಖ ನೋಡಿದ. ನಾನೇ ಹೋಗಿ ಅವನ ಅಂಗೈಗೆ ಪೇಢೆ ಇಟ್ಟೆ. ಈಗಷ್ಟೇ ಮುಟ್ಟಿತು ಸರ್, ನೋಡಲಿಲ್ಲೇನು ಎಂದೆ.

ಅವನಿಗೆ ಅನುಮಾನ ಬರಲಿಲ್ಲ. ಹೊಲಿಗೆಯ ಗುಣವೇ ಅದು, ಹೊಲಿಸಿಕೊಂಡವರಿಗೆ ಕಾಣುವುದಿಲ್ಲ. ಅದನ್ನು ಕನ್ನಡಿ ಹಿಡಿದು ನಮಗೆ ಕಲಿಸಿದವನೂ ಅವನೇ.

ಮದುವೆ ಹುಬ್ಬಳ್ಳಿಯಲ್ಲೇ. ಕಂಪನಿಯವರಿಗೆಲ್ಲ ಕರೆ ಇತ್ತು. ಇಳಕಲ್ ಸೀರೆ ಉಟ್ಟು, ಗಂಡನನ್ನು ಬಲವಂತವಾಗಿ ಹೊರಡಿಸಿಕೊಂಡು ಹೋದೆ. ದಾರಿಯಲ್ಲಿ ಅವರು ಏನೋ ಹೇಳಬೇಕೆಂದು ಎರಡು ಸಲ ಬಾಯಿ ತೆಗೆದರು. ಆಮೇಲೆ ಹೇಳಿರಿ ಎಂದೆ. ನನ್ನ ಎದೆ ಹಲಗೆಯಂತೆ ಬಡಿಯುತ್ತಿತ್ತು. ನನ್ನ ಮದುವೆಯ ದಿನವೂ ಹಾಗೆ ಬಡಿದಿರಲಿಲ್ಲ. ಮಂಟಪದ ಬಲಗಡೆ, ಕೊರ್ಲಹಳ್ಳಿಯ ಮುಖ ನೆಟ್ಟಗೆ ಕಾಣುವ ಕಡೆ ಜಾಗ ಹಿಡಿದೆ.

ವಾರಿಜಾ ಬಂದಳು. ಹಳದಿ ಸೀರೆ, ಹಣೆಗೆ ಬಾಸಿಂಗ, ಕೈಯಲ್ಲಿ ಮಾಲೆ. ಅಂತರಪಟದ ಹಿಂದೆ ತಲೆ ತಗ್ಗಿಸಿ ನಿಂತಳು. ಅಕ್ಷತೆ ಹಂಚಿದರು. ಕೊರ್ಲಹಳ್ಳಿ ಮಗಳಿಂದ ಎರಡು ಮಾರು ದೂರದಲ್ಲಿ ನಿಂತು, ಮುಷ್ಟಿ ಎದೆಗೊತ್ತಿಕೊಂಡು, ಅವಳ ಮುಖದಿಂದ ಕಣ್ಣು ಕೀಳದೆ ನೋಡುತ್ತಿದ್ದ. ಅವನ ತುಟಿ ಅಲುಗುತ್ತಿತ್ತು. ಸತ್ತ ಹೆಂಡತಿಯ ಜೊತೆ ಮಾತಾಡುತ್ತಿದ್ದನೋ ಏನೋ. ಒಂದು ಚೂರು ಕರುಣೆ ಬರುತ್ತದೇನೋ ಎಂದು ನನ್ನೊಳಗೆ ನಾನೇ ತಡಕಿ ನೋಡಿದೆ. ಬರಲಿಲ್ಲ. ಎತ್ತಿದ ಕೈ ಗಾಳಿಯಲ್ಲಿ ನಿಂತದ್ದು, ಹಿಂದಿನ ಸಾಲಿನ ನಗು, ನಡುಗುವ ಕೈಗೆ ಸಿಗದ ಚಪ್ಪಲಿ, ಅಷ್ಟೇ ಕಣ್ಣ ಮುಂದೆ ಬಂತು. ಮಂಗಲಾಷ್ಟಕದ ಕೊನೆಯ ಶ್ಲೋಕ ಶುರುವಾಯಿತು. ಈಗ ಬರುತ್ತದೆ, ನೋಡು ಮಗನೇ, ಈಗ ಬರುತ್ತದೆ ಎಂದು ಹಲ್ಲು ಕಚ್ಚಿ, ರೆಪ್ಪೆ ಬಡಿಯದೆ ಅವನ ಮುಖವನ್ನೇ ನೋಡುತ್ತ ನಿಂತೆ. ಭಟ್ಟರು ದನಿ ಎತ್ತಿದರು, ಶುಭಮಂಗಲ ಸಾವಧಾ...

ವಾರಿಜಾ ಗಂಡನ ಪಕ್ಕದಲ್ಲಿ ಕೂತಿದ್ದಳು. ಕೊರಳಲ್ಲಿ ಮಾಲೆಯಿತ್ತು, ತಲೆಯ ಮೇಲೆಲ್ಲ ಅಕ್ಷತೆ. ಭಟ್ಟರು ಬೇರೇನೋ ಮಂತ್ರ ಹೇಳುತ್ತಿದ್ದರು. ವಾದ್ಯದವರು ವಾದ್ಯ ಕೆಳಗಿಟ್ಟು ನೀರು ಕುಡಿಯುತ್ತಿದ್ದರು. ಅಂತರಪಟವನ್ನು ಯಾರೋ ಮಡಿಚಿ ಬಗಲಿಗೆ ಇರುಕಿಕೊಂಡಿದ್ದರು. ಕೊರ್ಲಹಳ್ಳಿ ನಿಂತಲ್ಲೇ ನಿಂತಿದ್ದ, ಮುಷ್ಟಿ ಎದೆಯ ಮೇಲೇ ಇತ್ತು. ಅವನು ಮೆಲ್ಲಗೆ ಮುಷ್ಟಿ ಬಿಚ್ಚಿ ಅದರೊಳಗಿನ ಅಕ್ಕಿಕಾಳು ನೋಡಿದ. ಮಗಳನ್ನು ನೋಡಿದ. ಮತ್ತೆ ಅಕ್ಕಿಕಾಳು ನೋಡಿದ. ಅವನು ಕಣ್ಣಿನ ಶಾಸ್ತ್ರ ಓದಿದವನು. ಗೊತ್ತಾಯಿತು. ತಲೆಯೆತ್ತಿ ಆ ಜನರಲ್ಲೆಲ್ಲ ಹುಡುಕಿ ನನ್ನನ್ನು ಹಿಡಿದ.

ನಾನು ನಗಬೇಕೆಂದು ತಿಂಗಳುಗಟ್ಟಲೆ ಕಾದಿದ್ದ ನಗು ಅದು. ತುಟಿಯವರೆಗೂ ತಂದಿದ್ದೆ. ಪಕ್ಕದಲ್ಲಿ ನನ್ನ ಗಂಡ ನನ್ನ ಮೊಣಕೈ ಮುಟ್ಟಿದರು.

“ನೀ ಯಾಕ ಅಕ್ಷತಿ ಹಾಕಲಿಲ್ಲ?” ಎಂದರು.

ನನ್ನ ಮುಷ್ಟಿ ನೋಡಿಕೊಂಡೆ. ಬೆವರಿಗೆ ಅರಿಸಿನ ಕರಗಿ ಬೆರಳ ಸಂದಿಯಲ್ಲೆಲ್ಲ ಹಳದಿ. ಒಂದು ಕಾಳೂ ಹೊರಗೆ ಹೋಗಿರಲಿಲ್ಲ.

ಅವನು ಕಲ್ಲಾದದ್ದನ್ನು ನಾನು ನೋಡಲಿಲ್ಲ. ಅದಕ್ಕೇ ಬದುಕಿದ್ದೆ, ಅದನ್ನೇ ನೋಡಲಿಲ್ಲ. ಅವನು ಮಂಟಪದಲ್ಲಿ ಕಲ್ಲಾಗಿದ್ದಷ್ಟು ಹೊತ್ತು ಅವನೆದುರು ನಾನೂ ಕಲ್ಲಾಗಿ ನಿಂತಿದ್ದೆ. ಕನ್ನಡಕ ತೆಗೆದು ಅವನ ಪಕ್ಕ ಕೂತ ಸಂಜೆಗಳಲ್ಲಿ ಅದೇ ಹೊಲಿಗೆ ನನಗೂ ಬಿದ್ದಿತ್ತು. ನಮ್ಮಿಬ್ಬರನ್ನೂ ನೋಡಿದವರು ಏನೆಂದುಕೊಂಡರೋ.

ಊಟ ಮಾಡದೆ ಮನೆಗೆ ಬಂದೆವು. ಆಗ ಗಂಡ ದಾರಿಯಲ್ಲಿ ನುಂಗಿದ್ದ ಮಾತು ಹೇಳಿದರು. ಗಿರಿಜಕ್ಕ ಕರೆ ಕಳಿಸಿದ್ದರು. ಈ ವರ್ಷದ ಪುಣ್ಯತಿಥಿಗೆ ತಬಲಾಕ್ಕೆ ನಮ್ಮವರೇ ಕೂರಬೇಕಂತೆ. ಅವರ ಮನೆಗೆ ಹೋಗಿ ಒಂದು ದಿನ ನುಡಿಸಿ ತೋರಿಸಿಯೂ ಬಂದಿದ್ದರು. ನನಗೆ ಹೇಳೋಣವೆಂದರೆ ನಾನು ಸಂಜೆ ಮನೆಯಲ್ಲಿ ಇದ್ದರೆ ತಾನೆ? ಹೇಗೆ ಸಾಧ್ಯವಾಯಿತು ಎಂದು ಕೇಳಿದೆ.

“ಸಮ್ಮಿನ ದಾರಿ ಕಾಯೂದು ಬಿಟ್ಟೆ, ನೀಲಾ. ಬಂದ್ರ ಬಂತು, ಇಲ್ಲಂದ್ರ ಇಲ್ಲ ಅಂತ ಕೈ ಬಿಟ್ಟು ಕುಂತೆ. ತಾನ ಬಂತು. ನೀನೂ ಬಿಟ್ಟುಬಿಡು.”

ಕೊರ್ಲಹಳ್ಳಿ ಆ ತಿಂಗಳೇ ಹೊಲಿಗೆಯನ್ನು ಆಟದಿಂದ ತೆಗೆಸಿದ. ಧೂಳು ತೆಗೆದು, ಮಂದಿ ಇಳಿಸಿ, ಹಳೆಯ ಫೋನಿನಲ್ಲೂ ನೆಟ್ಟಗೆ ಓಡುವ ‘ಗರಡಿ’ಯನ್ನು ನಾನೇ ಮಾಡಿಕೊಟ್ಟೆ. ನನ್ನನ್ನು ಅವನು ಕೆಲಸದಿಂದ ತೆಗೆಯಲಿಲ್ಲ, ಒಂದು ಮಾತೂ ಕೇಳಲಿಲ್ಲ. ಕೋಣೆಯ ಬಾಗಿಲು ಹಾಕಿಕೊಂಡು ಮಗಳ ಮದುವೆಯ ವಿಡಿಯೊ ಹಚ್ಚುತ್ತಾನೆ. ಹೊರಗೆ ನಮಗೆಲ್ಲ ಕೇಳಿಸುತ್ತದೆ: ಸಾವಧಾನ, ವಾದ್ಯ, ಮಂದಿಯ ಗದ್ದಲ. ಸ್ವಲ್ಪ ಹೊತ್ತು ಸುಮ್ಮನಿರುತ್ತದೆ. ಮತ್ತೆ ಹಿಂದಕ್ಕೆ ತಿರುಗಿಸಿ ಅದನ್ನೇ ಹಚ್ಚುತ್ತಾನೆ. ವಿಡಿಯೊ ಆದರೇನು, ಕಾಯುವವನು ಅವನೇ ತಾನೆ? ಮಗಳ ಆ ಮುಖ ಅವನಿಗೆ ಅಲ್ಲೂ ಕಾಣುವುದಿಲ್ಲ. ಅದನ್ನು ಕೇಳಿದಾಗಲೆಲ್ಲ ನನಗೆ ಈಗಲೂ ತಕ್ಕ ಶಾಸ್ತಿಯಾಯಿತು ಎಂದೇ ಅನ್ನಿಸುತ್ತದೆ. ಬೇರೆ ಅನ್ನಿಸಬೇಕೆಂದು ಯಾರಾದರೂ ಹೇಳಿದರೆ ಅವರ ಗಂಡನ ಕೈ ಎಂದೂ ನಡುಗಿಲ್ಲ ಎಂದರ್ಥ.

ಪುಣ್ಯತಿಥಿಯ ದಿನ ಧಾರವಾಡದಲ್ಲಿ ಅದೇ ಮೂರನೆಯ ಸಾಲಿನಲ್ಲಿ ಕೂತೆ. ಕಾಯಬಾರದು, ಕಾಯಬಾರದು ಎಂದು ಮನಸ್ಸಿಗೆ ಹೇಳಿಕೊಂಡೆ. ಗಿರಿಜಕ್ಕ ತಾನ್ ಮುಗಿಸಿ ಬಂದರು. ನಮ್ಮವರ ತಿಹಾಯಿ ಎದ್ದಿತು. ಒಂದು. ಎರಡು. ಕೈ ಮೇಲೆ ಹೋಯಿತು.

ಗಿರಿಜಕ್ಕ ಆಗಲೇ ಮುಂದಿನ ಸುತ್ತಿನಲ್ಲಿದ್ದರು. ಪಕ್ಕದವರು ಕಣ್ಣು ಒರೆಸಿಕೊಳ್ಳುತ್ತಿದ್ದರು. ವೇದಿಕೆಯಿಂದ ನನ್ನ ಗಂಡ ಸಭೆಯಲ್ಲೆಲ್ಲ ಹುಡುಕಿ ನನ್ನ ಮುಖ ನೋಡಿ, ಹುಬ್ಬು ಎತ್ತಿ, ಹೇಗೆ ಎಂದು ಕೇಳಿದರು. ಸರಿಯಾಗಿ ಬಿತ್ತು ಎಂದು ತಲೆ ಆಡಿಸಿದೆ. ಅವರ ಮುಖ ಅರಳಿತು.

ಆ ಕಛೇರಿಯ ರೆಕಾರ್ಡಿಂಗ್ ನನ್ನ ಫೋನಿನಲ್ಲಿದೆ. ಅವರು ಪಾಠಕ್ಕೆ ಹೋದ ಮೇಲೆ ಅಡುಗೆಮನೆಯಲ್ಲಿ ಕೂತು ಹಚ್ಚುತ್ತೇನೆ. ಬಿಟ್ಟುಬಿಡು, ತಾನಾಗಿ ಬರುತ್ತದೆ ಎನ್ನುತ್ತಾರೆ ಅವರು. ನನಗೆ ಬಿಡಲು ಬರುವುದಿಲ್ಲ. ತಿಹಾಯಿ ಏಳುತ್ತದೆ, ಒಂದು, ಎರಡು, ಮೂರನೆಯದು ಇಳಿಯತೊಡಗುತ್ತದೆ. ಆಮೇಲೆ ಚಪ್ಪಾಳೆ ಕೇಳಿಸುತ್ತದೆ.